ಅವಳ ಚೀಟಿ ದುಡ್ಡಿನಲ್ಲಿ ನನ್ನ ಮೊದಲ ಪುಸ್ತಕ ತರಬಹುದೇ?

ಪ್ರಶ್ನೆ:

ನನಗೆ 31 ವರ್ಷ, ಊರು ಬಳ್ಳಾರಿ. ಹಗಲು ಡಿಟಿಪಿ ಅಂಗಡಿಯೊಂದರಲ್ಲಿ ಕೆಲಸ. ಲಗ್ನಪತ್ರಿಕೆ, ಜಾತ್ರೆ ಕರಪತ್ರ, ತಿಥಿ ಕಾರ್ಡು, ಯೂನಿವರ್ಸಿಟಿ ಹುಡುಗರ ಪ್ರಬಂಧ, ಏನು ಬಂದರೂ ಟೈಪ್ ಮಾಡುತ್ತೇನೆ. ಸಂಬಳ 15 ಸಾವಿರ. ರಾತ್ರಿ ಕತೆ ಬರೆಯುತ್ತೇನೆ. ಆರು ಕತೆ ಪತ್ರಿಕೆಗಳಲ್ಲಿ ಬಂದಿವೆ. ಈಗ 11 ಕತೆಗಳ ಸಂಕಲನ ಸಿದ್ಧವಾಗಿದೆ. 45 ಸಾವಿರ ಕೊಟ್ಟರೆ 500 ಪ್ರತಿ ಹಾಕುತ್ತೇನೆ, 100 ಪ್ರತಿ ನಿಮಗೆ, ಲೈಬ್ರರಿ ಆರ್ಡರ್ ಗ್ಯಾರಂಟಿ ಎಂದು ಒಬ್ಬ ಪ್ರಕಾಶಕರು ಹೇಳಿದ್ದಾರೆ. ಅವರ ಕರಾರು ಪತ್ರವನ್ನೂ ಸಂಕಲನವನ್ನೂ ಲಗತ್ತಿಸಿದ್ದೇನೆ.

ನಾಲ್ಕು ವರ್ಷದಿಂದ ಒಬ್ಬ ಹುಡುಗಿಯನ್ನು ಪ್ರೀತಿಸುತ್ತಿದ್ದೇನೆ. ಜೀನ್ಸ್ ಘಟಕವೊಂದರಲ್ಲಿ ಲೆಕ್ಕ ಬರೆಯುತ್ತಾಳೆ, ನನಗಿಂತ ಎರಡು ಸಾವಿರ ಹೆಚ್ಚು ಸಂಬಳ. ತಿಂಗಳಿಗೆ 5 ಸಾವಿರದಂತೆ 20 ತಿಂಗಳ ಚೀಟಿ ಹಾಕಿದ್ದಾಳೆ, ಎಂಟು ತಿಂಗಳಾಗಿದೆ. ಅದನ್ನು ಎತ್ತಿ ಪುಸ್ತಕಕ್ಕೆ ಕೊಡುತ್ತೇನೆ ಅಂದಿದ್ದಳು. ಅವರ ಮನೆಯಲ್ಲಿ ಗಂಡು ನೋಡುತ್ತಿದ್ದಾರೆ. ಕತೆ ಬರೆಯುವವನು ಅಂದರೆ ಅವರಪ್ಪ ಒಪ್ಪುವುದಿಲ್ಲ. ಬೆಂಗಳೂರಿಗೆ ಹೋಗಿ ಧಾರಾವಾಹಿಗೆ ಸಂಭಾಷಣೆ ಬರೆದರೆ ಒಂದು ವರ್ಷದಲ್ಲಿ ಕಾಲೂರಬಹುದು ಎಂದು ಗೆಳೆಯನೊಬ್ಬ ಹೇಳುತ್ತಾನೆ. ದುಡ್ಡು ತಗೊಳ್ಳಲೇ? ಬೆಂಗಳೂರಿಗೆ ಹೋಗಲೇ? ಅವಳು ಕಾಯುತ್ತಾಳೆಯೇ?

ಇನ್ನೊಂದು ಮಾತು. ಹೋದ ತಿಂಗಳು ಪ್ರಕಟವಾದ ಕತೆಯಲ್ಲಿ ಅವರಪ್ಪನನ್ನು ಹೋಲುವ ಪಾತ್ರವಿದೆ. ಓದಿದ ಮೇಲೆ ಅವಳು ಸರಿಯಾಗಿ ಮಾತಾಡುತ್ತಿಲ್ಲ. "ನೀ ಏನಾರ ಬರ್ಕ, ನಾ ಹೇಳಿದ್ನ ಯಾಕ ಬರ್ದಿ?" ಅಂದಳು, ಅಷ್ಟೇ. ಸರಿಹೋಗುತ್ತದೆ ಅಂದುಕೊಂಡಿದ್ದೇನೆ. ಸಂಕಲನದ ಶೀರ್ಷಿಕೆ ಕತೆ ಅದೇ.

(ಹೆಸರು ಬೇಡ, ಬಳ್ಳಾರಿ)

ಉತ್ತರ:

ಮೊದಲಿಗೆ ಒಂದು ಸೂಚನೆ. ನಿಮ್ಮ ಪತ್ರದಲ್ಲಿದ್ದ ಅಂಗಡಿಯ ಜಾಗ, ಆಕೆಯ ಓಣಿ, ಘಟಕದ ಗುರುತು ಎಲ್ಲ ತೆಗೆದು, ಪತ್ರವನ್ನು ಚಿಕ್ಕದು ಮಾಡಿ ಪ್ರಕಟಿಸಿದ್ದೇನೆ. ಕತೆಯ ಬಗ್ಗೆ ಮುಂದೆ ಹೇಳುವಾಗಲೂ ಒಂದೆರಡು ವಿವರ ಬದಲಿಸಿರುತ್ತೇನೆ. ಅದು ನೀವು ಕತೆ ಕಳಿಸುವ ಮುಂಚೆ ಮಾಡಬೇಕಿದ್ದ ಕೆಲಸ. ಅಲ್ಲಿಗೆ ಆಮೇಲೆ ಬರೋಣ.

ಚೀಟಿ ದುಡ್ಡು ತಗೋಬೇಡಿ. ಸ್ವಾಭಿಮಾನದ ಮಾತು ಹಾಗಿರಲಿ, ಲೆಕ್ಕವೇ ಕೂಡುವುದಿಲ್ಲ. ಒಂದು ಲಕ್ಷದ ಚೀಟಿಯನ್ನು ಒಂಬತ್ತನೇ ತಿಂಗಳು ಎತ್ತಬೇಕೆಂದರೆ ಸವಾಲಿನಲ್ಲಿ ಕೂಗಬೇಕು, ಹೆಚ್ಚು ಹಣ ಬಿಡಲು ಒಪ್ಪಿದವರಿಗೆ ಚೀಟಿ. ಹಬ್ಬದ ಮುಂದೆ, ಸ್ಕೂಲ್ ಫೀಸಿನ ಜೂನ್ ತಿಂಗಳಲ್ಲಿ ಕೂಗುವವರು ಹೆಚ್ಚು. 20 ಸಾವಿರ ಬಿಟ್ಟು ಎತ್ತಿದಳು ಅಂದುಕೊಳ್ಳಿ. ಕೈಗೆ 80 ಸಾವಿರ, ಅದರಲ್ಲೂ ಚೀಟಿ ನಡೆಸುವವರ ಕಮಿಷನ್ ಕಳೆಯಬೇಕು. ಬಿಟ್ಟ 20 ಸಾವಿರ ಇಪ್ಪತ್ತು ಜನಕ್ಕೆ ಹಂಚಿದರೆ ಆಕೆಯ ಪಾಲಿಗೆ ವಾಪಸ್ ಬರುವುದು ಒಂದು ಸಾವಿರ. ಇನ್ನುಳಿದ ಕಂತುಗಳನ್ನು ಮಾತ್ರ ಕೊನೆಯವರೆಗೂ ಕಟ್ಟಲೇಬೇಕು. ತಡೆದುಕೊಂಡಿದ್ದರೆ ಪೂರ್ತಿ ಲಕ್ಷದ ಹತ್ತಿರ ಬರುತ್ತಿತ್ತು. ಅಂದರೆ ನಿಮ್ಮ ಪುಸ್ತಕ ಅಚ್ಚಿಗೆ ಹೋಗುವ ಮುಂಚೆಯೇ ಆಕೆಗೆ ಇಪ್ಪತ್ತು ಸಾವಿರದ ಹತ್ತಿರ ಏಟು ಬಿದ್ದಿರುತ್ತದೆ. 17 ಸಾವಿರ ಸಂಬಳದಲ್ಲಿ ತಿಂಗಳಿಗೆ 5 ಸಾವಿರ ಎತ್ತಿಡುವ ಹೆಣ್ಣುಮಗಳು ಅದನ್ನು ಯಾತಕ್ಕಾಗಿ ಎತ್ತಿಡುತ್ತಿದ್ದಾಳೆ ಎಂದು ನೀವು ಕೇಳಿದಂತೆ ಪತ್ರದಲ್ಲಿ ಕಾಣಲಿಲ್ಲ.

ಇನ್ನು 45 ಸಾವಿರ ಕೇಳಿದವರ ಕರಾರು ಪತ್ರ. ದುಡ್ಡು ತಗೊಂಡು ಪುಸ್ತಕ ಹಾಕುವುದು ತಪ್ಪೇನಲ್ಲ, ಕನ್ನಡದಲ್ಲಿ ಎಷ್ಟೋ ಪುಸ್ತಕಗಳು ಹೀಗೇ ಬರುತ್ತವೆ. ಆದರೆ ದುಡ್ಡು ನಿಮ್ಮದಾದರೆ ಅಪಾಯ ನಿಮ್ಮದು, ಹಾಗಾಗಿ ಹಕ್ಕೂ ನಿಮ್ಮದೇ ಆಗಿರಬೇಕು. ಈ ಪತ್ರದಲ್ಲಿ ಉಲ್ಟಾ ಇದೆ. ಮೊದಲ ಮುದ್ರಣಕ್ಕೆ ಗೌರವಧನವಿಲ್ಲ. "ಮುದ್ರಣ, ಅನುವಾದ, ಶ್ರವ್ಯ, ದೃಶ್ಯ ಸೇರಿದಂತೆ ಎಲ್ಲ ಹಕ್ಕುಗಳು ಶಾಶ್ವತವಾಗಿ ಪ್ರಕಾಶಕರಿಗೆ" ಎಂಬ ಸಾಲು ನಾಲ್ಕನೇ ಕಲಮಿನಲ್ಲಿದೆ. ನೀವು ಅದನ್ನು ಓದಿ ಕಳಿಸಿದ್ದೀರೋ, ಓದಲೆಂದು ನನಗೆ ಕಳಿಸಿದ್ದೀರೋ ಗೊತ್ತಾಗಲಿಲ್ಲ.

1957ರ ಕೃತಿಸ್ವಾಮ್ಯ ಕಾಯ್ದೆ ಈ ವಿಷಯದಲ್ಲಿ ಬರಹಗಾರನ ಕಡೆಗಿದೆ. ಬರೆದ ಕ್ಷಣದಿಂದ ಹಕ್ಕು ನಿಮ್ಮದು, ನೋಂದಣಿ ಕಡ್ಡಾಯವಲ್ಲ. ನಿಮ್ಮ ಜೀವಮಾನವಿಡೀ, ಆಮೇಲೆ 60 ವರ್ಷ ಅದು ನಿಮ್ಮ ವಾರಸುದಾರರಿಗೆ ಸೇರುತ್ತದೆ. ಹಕ್ಕನ್ನು ಬರೆದುಕೊಡುವುದಾದರೆ ಲಿಖಿತವಾಗಿರಬೇಕು, ಸಹಿ ಇರಬೇಕು. ಯಾವ ಹಕ್ಕು, ಎಷ್ಟು ಕಾಲ, ಯಾವ ಪ್ರದೇಶ, ಎಷ್ಟು ಹಣ ಎಂಬುದೆಲ್ಲ ಇರಬೇಕು. ಅವಧಿ ಬರೆಯದೆ ಬಿಟ್ಟರೆ ಕಾಯ್ದೆ ಅದನ್ನು 5 ವರ್ಷ ಎಂದು ಓದುತ್ತದೆ, ಪ್ರದೇಶ ಬರೆಯದಿದ್ದರೆ ಭಾರತ ಮಾತ್ರ ಎಂದು ಓದುತ್ತದೆ. ಏನೂ ಬರೆಯದೆ ಸುಮ್ಮನಿದ್ದಿದ್ದರೂ ನಿಮಗೆ ಇಷ್ಟು ರಕ್ಷಣೆ ಇತ್ತು. "ಶಾಶ್ವತವಾಗಿ" ಎಂಬ ಒಂದು ಪದಕ್ಕೆ ಸಹಿ ಹಾಕಿದರೆ ಅದೂ ಹೋಯಿತು. ಯಾವ ಪ್ರಕಾಶಕರಿಗೇ ಆಗಲಿ, ಕನ್ನಡದಲ್ಲಿ ಪುಸ್ತಕ ರೂಪದ ಮುದ್ರಣದ ಹಕ್ಕು, ಮೂರು ವರ್ಷ ಅಥವಾ ಐದು ವರ್ಷ, ಇಷ್ಟು ಕೊಡಿ. ಆಡಿಯೊ, ಸಿನಿಮಾ, ಅನುವಾದ ಯಾವುದೂ ಅದರಲ್ಲಿ ಸೇರಿರಬಾರದು.

ಪ್ರಕಾಶಕರ ಖರ್ಚಿನ ಪಟ್ಟಿ ನೋಡಿ ನನಗೆ ನಗು ಬಂತು. ಅಕ್ಷರ ಜೋಡಣೆ, ಪುಟ ವಿನ್ಯಾಸ, ಕರಡು ತಿದ್ದುವುದು ಸೇರಿ 12 ಸಾವಿರ. ಹಗಲೆಲ್ಲ ಊರಿನವರಿಗೆ ಮಾಡಿಕೊಡುವ ಕೆಲಸಕ್ಕೆ ನೀವೇ ಇನ್ನೊಬ್ಬರಿಗೆ 12 ಸಾವಿರ ಕೊಡುವುದೇ? ಪುಸ್ತಕದ ಗುರುತಿನ ಸಂಖ್ಯೆ ಐಎಸ್‌ಬಿಎನ್‌ಗೆ 2 ಸಾವಿರ ಎಂದೂ ಬರೆದಿದ್ದಾರೆ. ರಾಜಾ ರಾಮಮೋಹನ ರಾಯ್ ರಾಷ್ಟ್ರೀಯ ಐಎಸ್‌ಬಿಎನ್ ಸಂಸ್ಥೆ ಅದನ್ನು ಉಚಿತವಾಗಿ ಕೊಡುತ್ತದೆ, ಲೇಖಕ ತಾನೇ ಅರ್ಜಿ ಹಾಕಿಕೊಳ್ಳಬಹುದು. ನಿಮ್ಮದು ಡೆಮಿ ಅಷ್ಟದಳದಲ್ಲಿ 160 ಪುಟ, ಅಂದರೆ 16 ಪುಟಕ್ಕೊಂದರಂತೆ ಹತ್ತು ಫಾರಂ. ಕಾಗದ, ಅಚ್ಚು, ಬೈಂಡಿಂಗ್‌ಗೆ ಎಷ್ಟಾಗುತ್ತದೆ ಎಂದು ನಿಮ್ಮ ಅಂಗಡಿಗೆ ಬರುವ ಪ್ರೆಸ್‌ನವರನ್ನೇ ಕೇಳಿದರೆ ಅರ್ಧ ದಿನದಲ್ಲಿ ಗೊತ್ತಾಗುತ್ತದೆ.

ಲೈಬ್ರರಿ ಆರ್ಡರ್ ಗ್ಯಾರಂಟಿ ಎಂಬುದು ಯಾರೂ ಕೊಡಲಾಗದ ಗ್ಯಾರಂಟಿ. ಸಾರ್ವಜನಿಕ ಗ್ರಂಥಾಲಯ ಇಲಾಖೆ ಪುಸ್ತಕ ಕೊಳ್ಳುತ್ತದೆ, ನಿಜ. ಆದರೆ ಆಯ್ಕೆ ಸಮಿತಿ ಆರಿಸಬೇಕು, ಪುಟದ ಲೆಕ್ಕದ ದರಕ್ಕೆ ಒಪ್ಪಬೇಕು, ಹಣ ಬರಲು ಕಾಯಬೇಕು. ಆ ಹಣ ಬಂದರೂ ಈ ಕರಾರಿನ ಪ್ರಕಾರ ಅದು ಪ್ರಕಾಶಕರಿಗೆ. ನಿಮ್ಮ ಪಾಲಿಗೆ ಉಳಿಯುವುದು 100 ಪ್ರತಿ. 180 ರೂಪಾಯಿಯಂತೆ ಒಂದೂ ಬಿಡದೆ ಮಾರಿದರೆ 18 ಸಾವಿರ. ಒಂದೂ ಬಿಡದೆ ಯಾರೂ ಮಾರಿದ್ದನ್ನು ನಾನು ನೋಡಿಲ್ಲ. ಗೆಳೆಯರಿಗೆ, ಮೇಷ್ಟರಿಗೆ, ವಿಮರ್ಶೆಗೆ, ಬಿಡುಗಡೆಗೆ ಬಂದ ಅತಿಥಿಗಳಿಗೆ ಎಂದು ಅರ್ಧ ಹೋಗುತ್ತದೆ.

ಇದೆಲ್ಲಕ್ಕಿಂತ ದೊಡ್ಡ ನಷ್ಟ ಇನ್ನೊಂದಿದೆ. ಮೊದಲ ಪುಸ್ತಕ ಒಂದೇ ಸಲ ಬರುವುದು. ಛಂದ ಪುಸ್ತಕ ಪ್ರಕಾಶನದವರು ಹೊಸ ಕತೆಗಾರರ ಮೊದಲ ಸಂಕಲನದ ಹಸ್ತಪ್ರತಿಗೆ ಸ್ಪರ್ಧೆ ನಡೆಸಿ, ಗೆದ್ದದ್ದನ್ನು ತಾವೇ ಪ್ರಕಟಿಸುತ್ತಾರೆ. ಕನ್ನಡ ಪುಸ್ತಕ ಪ್ರಾಧಿಕಾರಕ್ಕೆ ಯುವ ಬರಹಗಾರರ ಚೊಚ್ಚಲ ಕೃತಿಗೆ ಪ್ರೋತ್ಸಾಹಧನ ಕೊಡುವ ಯೋಜನೆ ಇದೆ, ವಯಸ್ಸಿನ ಮಿತಿ ಮತ್ತು ಕೊನೆಯ ದಿನಾಂಕವನ್ನು ಅವರ ಪ್ರಕಟಣೆಯಲ್ಲಿ ನೋಡಿಕೊಳ್ಳಿ. 45 ಸಾವಿರ ಕೊಟ್ಟು ಈಗ ಪುಸ್ತಕ ಮಾಡಿಸಿಕೊಂಡರೆ ಈ ಎರಡು ಬಾಗಿಲೂ ನೀವೇ ಹಾಕಿಕೊಂಡಂತೆ, ಯಾಕೆಂದರೆ ಆಮೇಲೆ ನಿಮ್ಮದು ಚೊಚ್ಚಲ ಕೃತಿ ಅಲ್ಲ. ಕೇಂದ್ರ ಸಾಹಿತ್ಯ ಅಕಾಡೆಮಿಯ ಯುವ ಪುರಸ್ಕಾರಕ್ಕೆ 35ರ ಮಿತಿ ಇದೆ, ಬಹುಮಾನ 50 ಸಾವಿರ. ಅದನ್ನು ನೆಚ್ಚಿಕೊಂಡು ಕೂರಿ ಎಂದು ಹೇಳುತ್ತಿಲ್ಲ. 31ಕ್ಕೆ ಇನ್ನೂ ಸಮಯವಿದೆ, ಹೆದರಿ ಸಹಿ ಹಾಕುವ ವಯಸ್ಸು ಇದಲ್ಲ ಎನ್ನುವುದಕ್ಕೆ ಹೇಳಿದೆ.

ಸರಿಯಾದ ಪ್ರಕಾಶಕರು ನಿಮ್ಮಿಂದ ದುಡ್ಡು ಕೇಳದೆ ಹಾಕಿದರು ಎನ್ನಿ. ಆಗಲೂ ಬರುವುದೆಷ್ಟು? 180 ರೂಪಾಯಿ ಬೆಲೆಗೆ ಶೇಕಡಾ 10ರ ಗೌರವಧನದಂತೆ ಒಂದು ಪ್ರತಿಗೆ 18 ರೂಪಾಯಿ. 500 ಪ್ರತಿ ಪೂರ್ತಿ ಹೋದರೆ 9 ಸಾವಿರ, ಅದೂ ಒಂದು ವರ್ಷವೋ ಎರಡು ವರ್ಷವೋ ಹಿಡಿಯುತ್ತದೆ. ನಿಮ್ಮ ಹದಿನೆಂಟು ದಿನದ ಸಂಬಳ. ಕನ್ನಡದಲ್ಲಿ ಕತೆ ಬರೆಯುವವರ ಅರ್ಥಶಾಸ್ತ್ರ ಇಷ್ಟೇ. ಇದನ್ನು ತಿಳಿದುಕೊಂಡವರು ಕೊರಗುವುದನ್ನು ಬಿಟ್ಟು ಇನ್ನೊಂದು ಕೆಲಸ ಇಟ್ಟುಕೊಂಡು ಬರೆದಿದ್ದಾರೆ. ನಿಮ್ಮ ಸೀಮೆಯಲ್ಲೇ ನೋಡಿ. ಹರಪನಹಳ್ಳಿಯ ಬೀಚಿ ಪೊಲೀಸ್ ಇಲಾಖೆಯಲ್ಲಿ ನೌಕರಿ ಮಾಡಿದರು. ಕೊಟ್ಟೂರಿನ ಕುಂ. ವೀರಭದ್ರಪ್ಪ ಆಂಧ್ರದ ಹಳ್ಳಿಗಳಲ್ಲಿ ಮೇಷ್ಟರಾಗಿದ್ದುಕೊಂಡು ಬರೆದರು. ಸಂಡೂರಿನ ವಸುಧೇಂದ್ರ ಸಾಫ್ಟ್‌ವೇರ್ ಕೆಲಸದಲ್ಲಿದ್ದಾಗಲೇ ಬರೆದು, ಪ್ರಕಾಶನವನ್ನೂ ಶುರು ಮಾಡಿ, ಆಮೇಲೆ ಕೆಲಸ ಬಿಟ್ಟರು. ಯಾರೂ ಮೊದಲು ಕೆಲಸ ಬಿಟ್ಟು ಆಮೇಲೆ ಬರಹಗಾರರಾಗಲಿಲ್ಲ.

ಹಾಗಾದರೆ ಬೆಂಗಳೂರು? ನಿಮ್ಮ ಗೆಳೆಯ ಅರ್ಧ ಸತ್ಯ ಹೇಳಿದ್ದಾನೆ. ದಿನಾ ಬರುವ ಧಾರಾವಾಹಿಯಲ್ಲಿ ಕತೆ ಒಬ್ಬರದು, ಚಿತ್ರಕತೆ ಇನ್ನೊಬ್ಬರದು, ಸಂಭಾಷಣೆ ಮತ್ತೊಬ್ಬರದು. ಚಾನೆಲ್‌ನವರು ಒಪ್ಪಿದ ಒಂದೊಂದು ಸಾಲಿನ ದೃಶ್ಯಪಟ್ಟಿ ಕೈಗೆ ಬರುತ್ತದೆ, ಅದಕ್ಕೆ ಮಾತು ತುಂಬಿ ರಾತ್ರಿಯೊಳಗೆ ಕಳಿಸಬೇಕು. ಹಣ ಎಪಿಸೋಡ್ ಲೆಕ್ಕದಲ್ಲಿ. ಗುರುವಾರ ಟಿಆರ್‌ಪಿ ಬರುತ್ತದೆ, ಕುಸಿದಿದ್ದರೆ ಶುಕ್ರವಾರ ಕತೆ ಬದಲಾಗುತ್ತದೆ, ಇನ್ನೂ ಕುಸಿದರೆ ಧಾರಾವಾಹಿಯೇ ನಿಲ್ಲುತ್ತದೆ, ಅಲ್ಲಿಗೆ ನಿಮ್ಮ ಸಂಪಾದನೆಯೂ ನಿಲ್ಲುತ್ತದೆ. ಮಾಡಿದ ಕೆಲಸದ ಹಣ ತಿಂಗಳಾನುಗಟ್ಟಲೆ ಬಾಕಿ ಉಳಿಯುವುದು ಈ ದಂಧೆಯಲ್ಲಿ ಸಾಮಾನ್ಯ. ಅದರಲ್ಲಿ ನಿಂತು ಚೆನ್ನಾಗಿ ಸಂಪಾದಿಸುವವರೂ ಇದ್ದಾರೆ, ಇಲ್ಲವೆನ್ನುವುದಿಲ್ಲ. ಆದರೆ ಹೊಸಬರು ಮೊದಲ ಆರು ತಿಂಗಳು ಇನ್ನೊಬ್ಬರ ಕೈಕೆಳಗೆ, ಹೆಸರಿಲ್ಲದೆ, ಚಿಲ್ಲರೆಗೆ ಬರೆಯಬೇಕಾಗುತ್ತದೆ. ಆ ಆರು ತಿಂಗಳು ಬೆಂಗಳೂರಿನ ರೂಮಿನ ಬಾಡಿಗೆ, ಮುಂಗಡ, ಊಟದ ಖರ್ಚು ಎಲ್ಲಿಂದ ತರುತ್ತೀರಿ? ಮತ್ತೆ ಚೀಟಿಯ ಮಾತಿಗೇ ಬಂದು ನಿಲ್ಲುತ್ತೀರಿ.

ಊರು ಬಿಡುವ ಮುಂಚೆ ಊರು ಕೊಟ್ಟದ್ದನ್ನು ಎಣಿಸಿ. ನೀವು ತೆಲುಗು ಓದಬಲ್ಲಿರಿ ಎಂದು ಪತ್ರದ ನಡುವೆ ಎಲ್ಲೋ ಬರೆದು ಮುಂದೆ ಹೋಗಿಬಿಟ್ಟಿದ್ದೀರಿ. ಬಳ್ಳಾರಿ 1953ರ ಅಕ್ಟೋಬರ್ 1ರವರೆಗೆ ಮದ್ರಾಸ್ ರಾಜ್ಯದಲ್ಲಿತ್ತು. ಅಂದು ಜಿಲ್ಲೆ ಒಡೆದು ಆದೋನಿ, ಆಲೂರು, ರಾಯದುರ್ಗ ಆಂಧ್ರಕ್ಕೆ ಹೋದವು, ಬಳ್ಳಾರಿ ಮೈಸೂರು ರಾಜ್ಯಕ್ಕೆ ಬಂತು. ಗಡಿ ಬದಲಾದರೂ ಮನೆಮಾತು ಬದಲಾಗಲಿಲ್ಲ. ನಿಮ್ಮ ಊರಿನಲ್ಲಿ ತರಕಾರಿ ಅಂಗಡಿಯ ಹುಡುಗನೂ ಎರಡು ಭಾಷೆಯಲ್ಲಿ ಚೌಕಾಸಿ ಮಾಡುತ್ತಾನೆ. ಈ ವಿದ್ಯೆಗೆ ಈಗ ಮಾರುಕಟ್ಟೆ ಇದೆ. ಡಬ್ಬಿಂಗ್ ತಡೆಯುವುದು ಸರಿಯಲ್ಲ ಎಂದು 2015ರಲ್ಲಿ ಭಾರತೀಯ ಸ್ಪರ್ಧಾ ಆಯೋಗ ಆದೇಶ ಕೊಟ್ಟಿತು. ಆಮೇಲೆ ತೆಲುಗು ಸಿನಿಮಾಗಳು, ಧಾರಾವಾಹಿಗಳು ಕನ್ನಡಕ್ಕೆ ಬರುವುದು ಹೆಚ್ಚಾಗಿದೆ. ಅದಕ್ಕೆ ಮಾತು ಬರೆಯುವುದು ಬರೀ ಅನುವಾದವಲ್ಲ. ಪರದೆಯ ಮೇಲೆ ನಟನ ತುಟಿ ಮುಚ್ಚುವ ಕಡೆ ನಿಮ್ಮ ಕನ್ನಡದಲ್ಲೂ ಪ, ಬ, ಮ ಬಂದು ಕೂರಬೇಕು. ಬಾಯಿ ತೆರೆದು ನಿಲ್ಲುವ ಕಡೆ ಆ, ಏ ತರಹದ ದೀರ್ಘ ಬರಬೇಕು. ಮಾತು ಅಷ್ಟೇ ಸೆಕೆಂಡಿನಲ್ಲಿ ಮುಗಿಯಬೇಕು. ತೆಲುಗನ್ನು ಕಿವಿಯಿಂದ ಕಲಿತವರಿಗೆ ಈ ಕೆಲಸ ಬೇಗ ಹಿಡಿತಕ್ಕೆ ಬರುತ್ತದೆ. ಐದು ನಿಮಿಷದ ಒಂದು ದೃಶ್ಯ ಆರಿಸಿ, ಅದಕ್ಕೆ ಕನ್ನಡ ಮಾತು ಬರೆದು ಮಾದರಿ ಇಟ್ಟುಕೊಳ್ಳಿ. ಹಂಪಿ ಎಕ್ಸ್‌ಪ್ರೆಸ್‌ನಲ್ಲಿ ರಾತ್ರಿ ಹತ್ತಿದರೆ ಬೆಳಗ್ಗೆ ಬೆಂಗಳೂರು. ಒಂದು ದಿನ ರಜೆ ಹಾಕಿ ಹೋಗಿ ನಾಲ್ಕು ಕಡೆ ಮಾದರಿ ಕೊಟ್ಟು ಅದೇ ರಾತ್ರಿ ವಾಪಸ್ ಹತ್ತಿ. ಕೆಲಸ ಸಿಕ್ಕರೆ ಬಳ್ಳಾರಿಯಲ್ಲೇ ಕೂತು ಬರೆದು ಮೇಲ್ ಮಾಡಬಹುದು. ಆ ಸಂಪಾದನೆ ಸತತ ಆರು ತಿಂಗಳು ನಿಮ್ಮ ಸಂಬಳವನ್ನು ದಾಟಿದರೆ ಊರು ಬಿಡುವ ಮಾತಾಡೋಣ.

ಇನ್ನೊಂದು ಸಂಪಾದನೆ ನಿಮ್ಮ ಮೇಜಿನ ಮೇಲೇ ಇದೆ. ಪ್ರಬಂಧ ಟೈಪ್ ಮಾಡುವಾಗ ಕಾಗುಣಿತ, ವಾಕ್ಯ ಎಲ್ಲ ನೀವೇ ತಿದ್ದಿಕೊಡುತ್ತೀರಂತೆ, ಪುಕ್ಕಟೆ. ತಿದ್ದುವುದಕ್ಕೆ ಪುಟಕ್ಕೆ ಇಷ್ಟು ಎಂದು ಬೇರೆ ದರ ಇಡಿ, ಮಾಲೀಕರ ಜೊತೆ ಮಾತಾಡಿ ಅದರಲ್ಲಿ ನಿಮ್ಮ ಪಾಲು ಗೊತ್ತುಮಾಡಿಕೊಳ್ಳಿ. ಪ್ರಬಂಧವನ್ನೇ ಬರೆದುಕೊಡಿ ಎಂದು ಬರುವವರನ್ನು ಮಾತ್ರ ವಾಪಸ್ ಕಳಿಸಿ.

ಬರೆಯುವ ಸಮಯದ ಬಗ್ಗೆ ನೀವು ಕೇಳಿಲ್ಲ, ಆದರೂ ಹೇಳುತ್ತೇನೆ. ಹತ್ತು ಗಂಟೆ ಪರದೆ ನೋಡಿ ಬಂದು ರಾತ್ರಿ ಮತ್ತೆ ಕೀಬೋರ್ಡಿಗೆ ಕೂತರೆ ಬರುವುದು ಸುಸ್ತಾದ ಗದ್ಯ. ನಿಮ್ಮ ಕೆಲವು ಕತೆಗಳ ಕೊನೆಯ ಪುಟಗಳಲ್ಲಿ ಅದು ಕಾಣುತ್ತದೆ, ಎಲ್ಲರೂ ಅವಸರವಸರವಾಗಿ ಸಾಯುತ್ತಾರೆ. ಬಳ್ಳಾರಿಯ ಬಿಸಿಲಿನಲ್ಲಿ ತಲೆ ಓಡುವುದು ಬೆಳಗಿನ ಜಾವ ಮಾತ್ರ, ಏಪ್ರಿಲ್, ಮೇನಲ್ಲಿ ಏಳು ಗಂಟೆಗೇ ಗೋಡೆ ಕಾಯುತ್ತದೆ. ನಾಲ್ಕೂವರೆಯಿಂದ ಆರೂವರೆ, ಕೈಬರಹದಲ್ಲಿ ಬರೆಯಿರಿ. ಜೊತೆಗೆ ನಿಮ್ಮ ಕಸುಬಿನ ಪಂಚಾಂಗ ನೋಡಿಕೊಳ್ಳಿ. ಆಷಾಢದಲ್ಲಿ ಲಗ್ನಪತ್ರಿಕೆ ಇಲ್ಲ, ಧನುರ್ಮಾಸದಲ್ಲಿ ಇಲ್ಲ, ಪಿತೃಪಕ್ಷದಲ್ಲಿ ಇಲ್ಲ. ಅಂಗಡಿ ತಣ್ಣಗಿರುವ ಆ ವಾರಗಳಿಗೆ ಹೊಸ ಕತೆಯ ಮೊದಲ ಕರಡು ಇಟ್ಟುಕೊಳ್ಳಿ. ಲಗ್ನದ ಕಾಲದಲ್ಲಿ ತಿದ್ದುವುದು, ಓದುವುದು. ಅಂದ ಹಾಗೆ, ಸಂಕಲನದ ಒಂದೇ ಪ್ರತಿ ಅಂಗಡಿಯ ಕಂಪ್ಯೂಟರಿನಲ್ಲಿದೆ ಎಂದು ಬರೆದಿದ್ದೀರಲ್ಲ, ಈ ಉತ್ತರ ಓದಿ ಮುಗಿಸುವ ಮುಂಚೆ ಅದನ್ನು ನಿಮಗೆ ನೀವೇ ಮೇಲ್ ಮಾಡಿಕೊಳ್ಳಿ. ನುಡಿ ಫಾಂಟಿನಲ್ಲಿರುವುದನ್ನು, ಎಲ್ಲ ಕಂಪ್ಯೂಟರಿನಲ್ಲೂ ಓದಬಹುದಾದ ಯೂನಿಕೋಡ್‌ಗೆ ಪರಿವರ್ತಿಸಿ, ಪರಿವರ್ತನೆಯಲ್ಲಿ ಅರ್ಕಾವತ್ತು ಒತ್ತಕ್ಷರಗಳು ಎಲ್ಲೆಲ್ಲಿ ಕೆಡುತ್ತವೆ ಎಂದು ನಿಮಗೆ ನಾನು ಹೇಳಬೇಕಾಗಿಲ್ಲ.

ಈಗ ಆಕೆಯ ವಿಷಯ. ನಾನು ಪುರವಣಿಯಲ್ಲಿ, ಪ್ರಕಾಶನದಲ್ಲಿ ಕತೆ ತಿದ್ದಿಕೊಂಡು ಬಂದವನು, ಮದುವೆ ಮಾಡಿಸುವವನಲ್ಲ. ಆದರೆ ನಿಮ್ಮ ಪತ್ರವನ್ನು ಸಂಪಾದಕನಂತೆ ಓದಿದರೆ ಕಾಣುವುದು ಇಷ್ಟು. ಪುಸ್ತಕದ ಬಗ್ಗೆ ಎರಡೂವರೆ ಪುಟ ಬರೆದಿದ್ದೀರಿ. ಆಕೆಗೆ ಏನು ಬೇಕು ಎಂದು ಒಂದು ಸಾಲೂ ಇಲ್ಲ. ಆಕೆಯ ಸಂಬಳ ಗೊತ್ತು, ಚೀಟಿ ಗೊತ್ತು, ಆಕೆ ಕಾಯುತ್ತಾಳೋ ಇಲ್ಲವೋ ಎಂಬುದನ್ನು ಮಾತ್ರ ನನ್ನನ್ನು ಕೇಳುತ್ತಿದ್ದೀರಿ. ಅದಕ್ಕೆ ಉತ್ತರ ಇರುವುದು ಕೌಲ್ ಬಜಾರ್ ಕಡೆಯಲ್ಲೋ, ಇನ್ನೊಂದು ಓಣಿಯಲ್ಲೋ, ನನ್ನ ಹತ್ತಿರವಂತೂ ಇಲ್ಲ. ಮತ್ತೆ ಕಾಯುವುದು ಎಂದರೆ ಯಾವುದಕ್ಕೆ ಕಾಯುವುದು? ಪುಸ್ತಕ ಬರುವವರೆಗೆ ಎಂದರೆ ಅದಕ್ಕೆ ತಾರೀಕಿಲ್ಲ. ಬಂದರೂ 9 ಸಾವಿರ. ಪುಸ್ತಕವನ್ನೂ ಮದುವೆಯನ್ನೂ ಒಂದಕ್ಕೊಂದು ಗಂಟು ಹಾಕಬೇಡಿ. ನಿಮಗೆ 15, ಆಕೆಗೆ 17, ಒಟ್ಟು 32 ಸಾವಿರದಲ್ಲಿ ಬಳ್ಳಾರಿಯಲ್ಲಿ ಎಷ್ಟೋ ಸಂಸಾರಗಳು ನಡೆಯುತ್ತಿವೆ. ಹೋಗಿ ಕೂತು ಆ ಲೆಕ್ಕವನ್ನು ಆಕೆಯ ಜೊತೆ ಮಾಡಿ. ಬಾಡಿಗೆ, ಎರಡೂ ಮನೆಯ ಅಪ್ಪ ಅಮ್ಮನಿಗೆ ಕೊಡುವುದು, ಚೀಟಿ, ಔಷಧಿ, ಗಾಡಿ ಪೆಟ್ರೋಲು. ಬೆಳಗ್ಗೆ ಎರಡು ಗಂಟೆ ಬರೆಯುತ್ತೇನೆ, ಆಗ ನೀರು ಹಿಡಿಯುವವರು ಯಾರು ಎಂಬುದನ್ನೂ ಬಿಡದೆ. ಆಕೆ ಲೆಕ್ಕ ಬರೆಯುವವಳು, ನಿಮಗಿಂತ ಬೇಗ ಮಾಡುತ್ತಾಳೆ. ಮಾಡಿದ ಮೇಲೆ ಬೇಡ ಅಂದರೆ ಅದು ಆಕೆಯ ತೀರ್ಮಾನ. ಕತೆ ಬರೆಯುವವನಿಗೆ ಯಾರೂ ಹೆಣ್ಣು ಕೊಡುವುದಿಲ್ಲ ಎಂದು ಅದನ್ನೇ ಇನ್ನೊಂದು ಕತೆ ಮಾಡಬೇಡಿ.

ಆದರೆ ಈ ಮಾತುಕತೆ ನಡೆಯಬೇಕಾದರೆ ಮೊದಲು ಆಕೆ ನಿಮ್ಮ ಜೊತೆ ಮಾತಾಡಬೇಕಲ್ಲ. ಪತ್ರದ ಕೊನೆಗೆ "ಇನ್ನೊಂದು ಮಾತು" ಎಂದು ಸೇರಿಸಿದ್ದೀರಲ್ಲ, ನನ್ನ ಲೆಕ್ಕದಲ್ಲಿ ಪತ್ರ ಶುರುವಾಗುವುದೇ ಅಲ್ಲಿ.

ಕತೆಯನ್ನು ಎರಡು ಸಲ ಓದಿದೆ. ಜೀನ್ಸ್ ವಾಷಿಂಗ್ ಘಟಕದಲ್ಲಿ ದುಡಿಯುವ ಮನುಷ್ಯ. ಬಣ್ಣ ಹತ್ತಿ ಉಗುರು ನೀಲಿಯಾಗಿದೆ, ಊಟಕ್ಕೆ ಕೂತಾಗ ಬಲಗೈಯನ್ನು ಮೊದಲು ಬಟ್ಟೆಯಲ್ಲಿ ಮುಚ್ಚಿಕೊಳ್ಳುತ್ತಾನೆ. ಹಳೆಯ ಟಿವಿಎಸ್ ಗಾಡಿಯ ಹಿಂದೆ ಬಟ್ಟೆಯ ಗಂಟು ಕಟ್ಟಲು ಹಸಿರು ಸೀರೆಯ ಅಂಚು. ಮೀಟರ್ ಬಡ್ಡಿಗೆ ಸಾಲ ಮಾಡಿ ತೀರಿಸಲಾಗದೆ ಆದೋನಿಯಲ್ಲಿ ನೆಂಟರ ಮನೆಯಲ್ಲಿ ತಿಂಗಳು ಅಡಗಿದ್ದು, ಸಾಲ ಕೊಟ್ಟವರು ಮನೆ ಮುಂದೆ ಬಂದಾಗ ಮಗಳು ಬಾಗಿಲಲ್ಲಿ ನಿಂತು ಅಪ್ಪ ಮದುವೆಗೆ ಹೋಗಿದ್ದಾನೆ ಎಂದು ಸುಳ್ಳು ಹೇಳಿದ್ದು. ಹೆಸರು ಬದಲಿಸಿದ್ದೇನೆ ಎಂದು ನೀವು ವಾದಿಸುತ್ತೀರಿ. ಓಣಿಯವರು ಹೆಸರು ನೋಡಿ ಗುರುತು ಹಿಡಿಯುವುದಿಲ್ಲ, ಹಸಿರು ಅಂಚು ನೋಡಿ ಹಿಡಿಯುತ್ತಾರೆ. ಗಾಡಿ ಬದಲಿಸಿದ್ದರೆ, ಕಸುಬನ್ನೇ ಬದಲಿಸಿದ್ದರೆ, ಮಗಳ ಜಾಗದಲ್ಲಿ ತಮ್ಮನನ್ನು ನಿಲ್ಲಿಸಿದ್ದರೆ ಕತೆಗೆ ಏನೂ ಕೊರತೆಯಾಗುತ್ತಿರಲಿಲ್ಲ.

ಅಷ್ಟಾದರೂ ಆಕೆಗೆ ನೋವಾಗುತ್ತಿತ್ತು. ಆಕೆಯ ಮಾತನ್ನು ಇನ್ನೊಮ್ಮೆ ಓದಿ. ನಮ್ಮಪ್ಪನ ಬಗ್ಗೆ ಯಾಕೆ ಬರೆದೆ ಎಂದು ಆಕೆ ಕೇಳಲಿಲ್ಲ. ನಾನು ಹೇಳಿದ್ದನ್ನು ಯಾಕೆ ಬರೆದೆ ಎಂದಳು. ನೀಲಿ ಉಗುರು ನೀವು ಕಣ್ಣಾರೆ ಕಂಡದ್ದು, ಊರೆಲ್ಲ ಕಂಡದ್ದು, ಅದರ ಮೇಲೆ ಬರಹಗಾರನಿಗೆ ಹಕ್ಕಿದೆ. ಬಾಗಿಲಲ್ಲಿ ನಿಂತು ಹೇಳಿದ ಸುಳ್ಳು ಆಕೆ ನಿಮಗೊಬ್ಬರಿಗೇ ಹೇಳಿದ್ದು. ಬಹುಶಃ ಅಪ್ಪನಿಗೂ ಹೇಳಿರಲಿಕ್ಕಿಲ್ಲ. ಭಾನುವಾರ ಬೆಳಗ್ಗೆ ಅದನ್ನು ಪತ್ರಿಕೆಯಲ್ಲಿ ಓದಿದಾಗ, ಮುಂದೆ ನಿಮಗೆ ಏನನ್ನೂ ಹೇಳುವ ಮುನ್ನ ಇದೂ ಕತೆಯಾಗುತ್ತದೆಯೇ ಎಂದು ಯೋಚಿಸಬೇಕು ಎಂಬುದು ಆಕೆಗೆ ಹೊಳೆದಿರಬೇಕು. ನಿಮ್ಮ ಸಂಬಳಕ್ಕಿಂತ, ಅವರಪ್ಪನ ಒಪ್ಪಿಗೆಗಿಂತ ದೊಡ್ಡ ತೊಡಕು ಇದು. ತಾನಾಗಿ ಸರಿಹೋಗುವ ಪೈಕಿ ಅಲ್ಲ.

ಬರಹಗಾರರು ಇದಕ್ಕೆ ಒಂದು ಸಿದ್ಧ ಉತ್ತರ ಇಟ್ಟುಕೊಂಡಿರುತ್ತಾರೆ, ಕಲೆಗೆ ದಾಕ್ಷಿಣ್ಯವಿಲ್ಲ ಎಂದು. ನಾನು ಆ ಪಂಥದವನಲ್ಲ. ಅಧಿಕಾರದಲ್ಲಿರುವವರ ಬಗ್ಗೆ ದಾಕ್ಷಿಣ್ಯ ಬೇಡ, ಸರಿ. ಮೀಟರ್ ಬಡ್ಡಿಗೆ ಹೆದರಿ ಅಡಗಿದ ಕೂಲಿಯವನ ಮುಂದೆ ನೀವು ತೋರಿಸಿದ ಧೈರ್ಯಕ್ಕೆ ಏನು ಬೆಲೆ? ಕತೆಯಲ್ಲಿ ಬಡ್ಡಿಯವನಿಗೆ ಹೆಸರೂ ಇಲ್ಲ, ಮುಖವೂ ಇಲ್ಲ. ಅವನನ್ನು ಬರೆಯಲು ಯಾಕೆ ಹಿಂಜರಿದಿರಿ ಎಂದು ನಿಮ್ಮನ್ನು ನೀವು ಕೇಳಿಕೊಳ್ಳಿ.

ಆಕೆಯನ್ನು ಕಂಡು ತಪ್ಪಾಯಿತು ಎನ್ನಿ, ಕತೆ ಎಷ್ಟು ಚೆನ್ನಾಗಿದೆ ಎಂದು ಎಷ್ಟು ಜನ ಫೋನ್ ಮಾಡಿದರು ಎಂಬ ಮಾತು ಎತ್ತಬೇಡಿ. ಪತ್ರಿಕೆಯಲ್ಲಿ ಬಂದದ್ದನ್ನು ವಾಪಸ್ ಪಡೆಯಲಾಗದು. ಪುಸ್ತಕದಲ್ಲಿ ಬರುವುದನ್ನು ತಡೆಯಬಹುದು. ಸಂಕಲನದಿಂದ ಆ ಕತೆ ತೆಗೆಯುತ್ತೇನೆ ಎಂದು ನೀವೇ ಹೇಳಿ, ಆಕೆ ಕೇಳುವವರೆಗೆ ಕಾಯಬೇಡಿ. ಉಳಿದ ಕತೆಗಳ ಹಸ್ತಪ್ರತಿಯನ್ನು ಕೈಗೆ ಕೊಟ್ಟು, ಇವುಗಳಲ್ಲೂ ಇಂಥದ್ದೇನಾದರೂ ಇದ್ದರೆ ಗುರುತು ಹಾಕು ಎಂದು ಕೇಳಿ. ಆಕೆ ಓದದೆಯೂ ಇರಬಹುದು. ಕೊಟ್ಟಿರಬೇಕು, ಅಷ್ಟೇ. ಅವರಪ್ಪ ಕತೆ ಓದಿದ್ದಾರೋ ಇಲ್ಲವೋ ನಿಮಗೆ ಗೊತ್ತಿಲ್ಲ, ಅವರ ಹತ್ತಿರ ಹೋಗಿ ಕ್ಷಮೆ ಕೇಳುವ ಉತ್ಸಾಹ ತೋರಿಸಿ ಇಲ್ಲದ ಗಾಯ ಮಾಡಬೇಡಿ. ಅದು ಬೇಕೋ ಬೇಡವೋ ಆಕೆ ಹೇಳುತ್ತಾಳೆ. ಮುಂದೆ ಒಂದು ದಿನ ಮದುವೆ ಮಾತಿಗೆ ಅವರ ಮನೆಗೆ ಹೋಗುವುದಾದರೆ ಪತ್ರಿಕೆಯ ಕತ್ತರಿಕೆಗಳ ಫೈಲು ಒಯ್ಯಬೇಡಿ. ಡಿಟಿಪಿ ಕೆಲಸ ಮಾಡುತ್ತೇನೆ, ಸಂಬಳ ಇಷ್ಟು, ಪ್ರೂಫ್ ತಿದ್ದಿ ಮೇಲೆ ಇಷ್ಟು ಬರುತ್ತದೆ ಎಂದು ಹೇಳಿ. ಕತೆ ಬರೆಯುವುದು ಅವರಿಗೆ ಈಗಾಗಲೇ ಗೊತ್ತು.

ಸಂಕಲನದ ಬಗ್ಗೆ ಒಂದು ಮಾತು ಉಳಿಯಿತು. ಶೀರ್ಷಿಕೆ ಕತೆ ತೆಗೆದರೆ ಪುಸ್ತಕ ಸೊರಗುತ್ತದೆ ಎಂದು ನಿಮಗೆ ಅನಿಸಬಹುದು. ನನಗೆ ಹಾಗೆ ಕಾಣಲಿಲ್ಲ. ಅದರಲ್ಲಿ ಚೆನ್ನಾಗಿರುವುದು ಘಟಕದ ರಾತ್ರಿಪಾಳಿ, ನೀಲಿ ನೀರು ಹರಿಯುವ ಮೋರಿ, ಚಹಾ ತರುವ ಹುಡುಗ. ಆದೋನಿಯ ಭಾಗ ಬರೀ ಗೋಳು. ರಾತ್ರಿಪಾಳಿಯನ್ನು ಎತ್ತಿಟ್ಟುಕೊಳ್ಳಿ, ಬೇರೆ ಮನುಷ್ಯನನ್ನು ಇಟ್ಟು ಬೇರೆ ಕತೆ ಬರೆಯಬಹುದು. ನಿಮ್ಮ ನಿಜವಾದ ಶೀರ್ಷಿಕೆ ಕತೆ ಏಳನೆಯದು, ತಿಥಿ ಕಾರ್ಡಿನದು. ಸತ್ತ ಮುದುಕನ ಇದ್ದದ್ದೊಂದೇ ಫೋಟೊ ಬನಿಯನ್ನಿನಲ್ಲಿದೆ, ಮಕ್ಕಳು ಕೋಟು ಹಾಕಿಸಿ ಎನ್ನುತ್ತಾರೆ, ಡಿಟಿಪಿ ಹುಡುಗ ಬೇರೆ ಯಾರದೋ ಕೋಟು ತಂದು ಕೂರಿಸುತ್ತಾನೆ, ಭುಜ ಹೊಂದುವುದಿಲ್ಲ. ಅದನ್ನು ಡಿಟಿಪಿ ಅಂಗಡಿಯಲ್ಲಿ ಕೂತವನಲ್ಲದೆ ಬೇರೆ ಯಾರೂ ಬರೆಯಲಾರರು, ಮತ್ತು ಅದಕ್ಕೆ ಯಾರ ಗುಟ್ಟನ್ನೂ ನೀವು ತಂದಿಲ್ಲ. ಅದನ್ನು ಮೊದಲಿಗೆ ಹಾಕಿ. ಎರಡನೇ ಪ್ಯಾರಾದಲ್ಲಿ ಸಾವಿನ ಬಗ್ಗೆ ಹುಡುಗ ಮಾಡುವ ಚಿಂತನೆ ಪೂರ್ತಿ ತೆಗೆಯಿರಿ, ಕೋಟಿನ ಬಣ್ಣ ಯಾವುದಿರಲಿ ಎಂದು ಹಿರಿಯ ಮಗ ಕೇಳುವಲ್ಲಿಂದ ಶುರು ಮಾಡಿ. ಹತ್ತು ಕತೆ, ಸುಮಾರು 140 ಪುಟ ಆಗುತ್ತದೆ, ಸ್ಪರ್ಧೆಗೆ ಕಳಿಸಲು ಅಷ್ಟು ಸಾಕು.